ಮೀನಿನ ತೊಟ್ಟಿಯ ಮುಂದೆ ಎರಡು ಗುರುತು

ಸತ್ತ ಮೀನನ್ನು ಹಿಪ್ಪುನೇರಳೆ ಎಲೆಯಲ್ಲಿ ಸುತ್ತಿ, ಸೆರಗಿನ ಗಂಟಿನಲ್ಲಿ ಇಟ್ಟುಕೊಂಡು ಕೂಟಗಲ್ಲಿನ ಸರಸಮ್ಮ ಕೆಂಗಲ್ಲಿಗೆ ಬಂದಾಗ ಆಂಜನೇಯನಿಗೆ ಇನ್ನೂ ಬೆಳಗಿನ ಮಂಗಳಾರತಿ ಆಗಿರಲಿಲ್ಲ. ಗುಡಿಯ ಹೊರಗಿನ ಕಲ್ಲುಜಗುಲಿಯ ಮೇಲೆ ಗಂಗಯ್ಯ ಕಣ್ಣು ಮುಚ್ಚಿ ಕೂತಿದ್ದರು. ಪಕ್ಕದಲ್ಲಿ ಅವರ ಚಪ್ಪಲಿ ಕಾಯುತ್ತ ಗೆಳೆಯ ಶುಕೂರ್ ಇದ್ದ.

"ಅಣ್ಣಾ, ಇವತ್ತು ಮಧ್ಯಾಹ್ನ ನನ್ ಮಗಳ್ನ ಬೇವಿನಮರಕ್ಕೆ ಮೊಳೆ ಹೊಡ್ದು ಕಟ್ಟಾಕ್ಬುಡ್ತಾರೆ," ಎಂದಳು ಸರಸಮ್ಮ. "ನೀವೊಸಿ ಬಂದು ತಡೀರಿ."

ಶುಕೂರ್ ಬೆಚ್ಚಿಬಿದ್ದ. "ಯಾ ಅಲ್ಲಾ! ಪೊಲೀಸ್ನೋರಿಗೆ ಹೇಳಿದ್ಯೇನಮ್ಮಾ?"

"ಸತ್ತೋಗಿರೋ ಮಗಳು ಕಣಣ್ಣ."

ಗಂಗಯ್ಯ ಕಣ್ಣು ಬಿಟ್ಟರು.

ಮೂವತ್ತು ವರ್ಷ ಪಂಚಾಯ್ತಿಯಲ್ಲಿ ನೀರಗಂಟಿಯಾಗಿ ಊರೂರಿಗೆ ನೀರು ಬಿಟ್ಟ ಮನುಷ್ಯ ಅವರು. ಯಾವ ಮನೆಯ ನಲ್ಲಿ ಎಷ್ಟು ಹೊತ್ತಿಗೆ ತೆರೆಯುತ್ತದೆ, ಯಾರ ಮನೆಯ ಬಿಂದಿಗೆ ಯಾಕೆ ಖಾಲಿ ಹೋಯಿತು ಎಂದು ನೋಡುತ್ತ ನೋಡುತ್ತ ಮನುಷ್ಯರ ಒಳಗನ್ನೂ ಓದುವುದು ಕಲಿತಿದ್ದರು. ಕಳೆದದ್ದು, ಕದ್ದದ್ದು, ಮುಚ್ಚಿಟ್ಟದ್ದು ಏನಿದ್ದರೂ ಸುತ್ತಲಿನ ಜನ ಅವರ ಬಳಿಗೇ ಬರುತ್ತಿದ್ದರು. ರಾಮನಗರದಲ್ಲಿ ರೇಷ್ಮೆ ನೂಲು ಬಿಚ್ಚುವ ಶುಕೂರ್ ಅಂಥ ಪ್ರತಿ ಪ್ರಸಂಗದಲ್ಲೂ ಸ್ಕೂಟರು ಹೊರಡಿಸುವವನು.

ಸರಸಮ್ಮ ಹೇಳಿದ ಕತೆ ಇಷ್ಟು. ಒಂಬತ್ತು ವರ್ಷದ ಮಗಳು ಪುಟ್ಟಿ ಆರು ತಿಂಗಳ ಹಿಂದೆ ಜ್ವರ ಬಂದು ಆಸ್ಪತ್ರೆಯಲ್ಲಿ ತೀರಿಕೊಂಡಳು. ಅವಳ ಗಾಜಿನ ತೊಟ್ಟಿ, ಅದರಲ್ಲಿನ ಐದು ಚಿನ್ನದ ಮೀನು ಮನೆಯಲ್ಲಿ ಉಳಿದವು. ಆಮೇಲೆ ಒಂದೊಂದಾಗಿ ಮೀನು ಸಾಯತೊಡಗಿದವು. ಇಂದು ಬೆಳಿಗ್ಗೆ ಸತ್ತದ್ದು ಮೂರನೆಯದು.

"ಸಾಯೋ ದಿವ್ಸ ಬೆಳಗಾನೆ ಹಜಾರದ ತುಂಬ ಆಸ್ಪತ್ರೆ ವಾಸನೆ ಕಣಣ್ಣ. ಪುಟ್ಟಿ ಮಲಗಿದ್ಲಲ್ಲ, ಆ ವಾರ್ಡಿನದೇ ವಾಸನೆ. ತೊಟ್ಟಿ ಮುಂದೆ ನೆಲದ ಮೇಲೆ ಎಲ್ಡು ಗುರುತು. ಪುಟ್ಟ ಪಾದದಂಗವೆ. ಬೆರಳಿಲ್ಲ." ಅವಳು ಸೆರಗನ್ನು ಬಾಯಿಗೊತ್ತಿಕೊಂಡಳು. "ನಮ್ ಮೈದ ಜಯಕುಮಾರ ಮಂತ್ರ ಹಾಕೋರನ್ನ ಕರೆಸವ್ನೆ. ಅವನ ಹೆಂಡ್ತಿ ಬಸುರಿ, ಅವನಿಗೂ ಭಯ. ನಮ್ಮೆಜಮಾನ್ರೂ ಹೂಂ ಅಂದ್ಬುಟ್ರು. ನನ್ ಮಗಳು ಮೀನು ಕೊಲ್ಲೋಳಲ್ಲ. ಮನೆಗೆ ಬತ್ತಾವ್ಳೆ ಅಂದ್ರೆ ಬರ್ಲಿ ಬುಡಿ, ಕಟ್ಟಾಕೋದು ಯಾಕೆ?"

ಶುಕೂರ್ ಸ್ಕೂಟರಿನ ಕೀ ಹೊರತೆಗೆದ. ಅವನ ಮಗಳು ನೂರೀನ್‌ಗೂ ಒಂಬತ್ತೇ.

"ಯಾವ್ಯಾವ ದಿವ್ಸ ಸತ್ತವಮ್ಮ?" ಎಂದರು ಗಂಗಯ್ಯ.

"ತಾರೀಕು ಗೊತ್ತಿಲ್ಲ. ಬೆಳೆಗೊಂದು ಅಂತ ಲೆಕ್ಕ. ಪುಟ್ಟಿ ಹೋದ್ಮೇಲೆ ಮೂರು ಸಲ ರೇಷ್ಮೆ ಹುಳ ಸಾಕಿದ್ವು, ಮೂರು ಮೀನು ಹೋದ್ವು. ಮೊನ್ನೆ ತಾನೆ ಗೂಡು ಮಾರ್ಕೆಟ್ಟಿಗೆ ಹೋಯ್ತು."

ಗಂಗಯ್ಯ ಎದ್ದು, ಮನೆಗೆ ಹೋಗಿ, ತಮ್ಮ ಹಳೇ ಖಾಕಿ ಚೀಲ ತಂದರು. "ನಡಿ ಶುಕೂರ. ನಿನ್ನ ಕುದುರೆ ಎಬ್ಬಿಸು."

"ಕುದುರೆಗೆ ನಿಮ್ಮ ಭಾರ ತಡೆಯೋಕಾಗಲ್ಲ ಅಂತ ಮೆಕ್ಯಾನಿಕ್ ಹೇಳವ್ನೆ ಗಂಗಣ್ಣ," ಎಂದು ಗೊಣಗುತ್ತಲೇ ಶುಕೂರ್ ಕಿಕ್ ಹೊಡೆದ.

ಕೂಟಗಲ್ಲಿನಲ್ಲಿ ಸರಸಮ್ಮನ ಮನೆ ನಿಶ್ಶಬ್ದವಾಗಿತ್ತು. ಕೆಂಪು ಗಾರೆನೆಲದ ಹಜಾರದಲ್ಲಿ, ಮಗುವಿನ ಎತ್ತರಕ್ಕೆ ಸರಿಯಾಗಿ ಗಿಡ್ಡ ಮಣೆಯ ಮೇಲೆ ತೊಟ್ಟಿ. ಉಳಿದ ಎರಡು ಮೀನು ನೀರಿನ ಮೇಲ್ಪದರಕ್ಕೆ ಬಾಯಿ ತಾಗಿಸಿ ಏನನ್ನೋ ಜಪಿಸುವಂತೆ ಉಸಿರಾಡುತ್ತಿದ್ದವು. ನೆಲದ ಮೇಲೆ ಎರಡು ಬಿಳಿಚಿದ ದುಂಡು ಗುರುತು. ಅದನ್ನು ನೋಡಿ ಶುಕೂರ್ ಒಂದು ಹೆಜ್ಜೆ ಹಿಂದೆ ಸರಿದ. ಗಾಳಿಯಲ್ಲಿ ಇನ್ನೂ ಒಂದಿಷ್ಟು ಆಸ್ಪತ್ರೆ ಉಳಿದಿತ್ತು.

ಗಂಗಯ್ಯ ತೊಟ್ಟಿಗೆ ಕೈ ಮುಗಿದು ಕೂತರು. ಪಕ್ಕದ ಗೋಡೆಯ ಗೂಡಿನಲ್ಲಿ ಒಂದು ಪುಟ್ಟ ಬಾಟಲಿ ಇತ್ತು, ಅದರ ಮೈಮೇಲೆ ಪೆನ್ನಿನ ಗೀಟುಗಳು.

"ಅದು ನೀರಿನ ಔಷ್ದಿ," ಎಂದಳು ಸರಸಮ್ಮ. "ನಲ್ಲಿ ನೀರ್ನಲ್ಲಿರೋ ಕ್ಲೋರಿನ್ ತೆಗೆಯುತ್ತೆ. ಪುಟ್ಟಿ ತರಿಸಿದ್ದ ಕೊನೇ ಬಾಟ್ಲಿ. ಪ್ರತಿ ಮಂಗಳವಾರ ನೀರು ಬದಲಾಯಿಸಿದಾಗ ಒಂದು ಬಿಂದಿಗೆಗೆ ಎಷ್ಟು ಬೇಕೋ ಅಷ್ಟು ಹಾಕಿ, ಗೀಟು ಎಳೀತೀನಿ."

ಔಷಧಿ ಕೊನೆಯ ಗೀಟಿಗಿಂತ ಒಂದು ಬೆರಳು ಕೆಳಗಿತ್ತು. ಗಂಗಯ್ಯ ಅದನ್ನು ಶುಕೂರನಿಗೆ ತೋರಿಸಿದರು.

ಬಾಗಿಲ ಬಳಿ ಜಯಕುಮಾರ ಬಂದು ನಿಂತ. "ಏನ್ ನೀರಗಂಟಿಗಳು, ದೆವ್ವಕ್ಕೂ ನಲ್ಲಿ ಹಾಕ್ಕೊಡ್ತೀರಾ? ಆ ದರಿದ್ರದ ತೊಟ್ಟೀನ ಮೊದಲು ಹೊರಕ್ಕೆ ಎಸೀಬೇಕು ಅಂತ ಆವತ್ತೇ ಅಂದೆ." ಅವನ ಹೆಂಡತಿ ನವ್ಯಶ್ರೀ ಮೆಲ್ಲಗೆ, "ನಾನೇ ಕೇಳಿಸ್ಕೊಂಡಿವ್ನಿ ದೊಡ್ಡಪ್ಪ," ಎಂದಳು. "ಇವತ್ತು ಮಬ್ಬುಗತ್ತಲಲ್ಲಿ ಹಜಾರದಲ್ಲಿ ಪಿಸಪಿಸ ಮಾತು. 'ಮಗಾ' ಅಂದಂಗಾಯ್ತು. ಎದ್ದು ನೋಡೋ ಧೈರ್ಯ ಬರ್ಲಿಲ್ಲ."

ಪುಟ್ಟಿಯ ತಂದೆ ಹನುಮಂತಯ್ಯ ಅಡಿಗೆಮನೆಯ ಹೊಸ್ತಿಲ ಮೇಲೆ ಕೂತಿದ್ದ. ಹಳೇ ನೀಲಿ ಲುಂಗಿ, ಅಲ್ಲಲ್ಲಿ ಬಣ್ಣ ಹೋಗಿತ್ತು. ನಾಲ್ಕು ಮಾತು ಕೇಳಿದರೆ ಒಂದಕ್ಕೆ ತಲೆಯಾಡಿಸಿದ. ಅಷ್ಟರಲ್ಲಿ ಒಲೆಯ ಮೇಲಿನ ಹಾಲು ಸೀದು ಮನೆಯೆಲ್ಲ ಕಮಟು. ಹಿತ್ತಲಲ್ಲಿದ್ದ ಸರಸಮ್ಮ ಓಡಿ ಬಂದು ಇಳಿಸಿದಳು. ಒಲೆಗೆ ಬೆನ್ನು ಮಾಡಿ ಎರಡು ಮಾರು ದೂರದಲ್ಲೇ ಕೂತಿದ್ದ ಹನುಮಂತಯ್ಯ ಮಾತ್ರ ಅಲುಗಲಿಲ್ಲ. ದುಃಖ ಮನುಷ್ಯನನ್ನು ಹೀಗೂ ಮರಗಟ್ಟಿಸುತ್ತದಲ್ಲ ಎಂದುಕೊಂಡ ಶುಕೂರ್.

ಆಮೇಲೆ ಗಂಗಯ್ಯ ಹಿತ್ತಲಿಗೆ ನಡೆದರು. ಹುಳು ಸಾಕುವ ಮನೆ ಖಾಲಿ, ಗೋಡೆಗಳು ತೊಳೆದು ಇನ್ನೂ ಒಣಗಿರಲಿಲ್ಲ. ಮೂಲೆಯಲ್ಲಿ ಒಂದು ನೀಲಿ ಬಕೆಟ್ಟು. ಅದಕ್ಕೆ ಚೊಂಬು ನೀರು ಹಾಕಿ ಕುಲುಕಿ, ಖಾಕಿ ಚೀಲದಿಂದ ಗಾಜಿನ ನಳಿಗೆ ತೆಗೆದು, ಆ ನೀರು ತುಂಬಿ ನಾಲ್ಕು ಹನಿ ದ್ರಾವಣ ಬಿಟ್ಟರು. ಊರಿನ ನೀರಿನಲ್ಲಿ ಕ್ಲೋರಿನ್ ಎಷ್ಟಿದೆ ಎಂದು ನೋಡಲು ನೀರಗಂಟಿಗಳು ಬಳಸುವ ದ್ರಾವಣ ಅದು. ನೀರು ಹಳದಿಯಾಗಿ, ನೋಡನೋಡುತ್ತ ಕಿತ್ತಳೆಯಾಯಿತು. ತೊಟ್ಟಿಯ ನೀರಿಗೆ ಅದೇ ಹನಿ ಬಿಟ್ಟರೆ ಬಣ್ಣವೇ ಬರಲಿಲ್ಲ.

"ಸಿಕ್ಕಿದ್ನಾ ಗಂಗಣ್ಣ?"

"ಸಿಕ್ಕಿದ. ಸಿಗಬಾರದಿತ್ತು ಕಣೋ," ಎಂದರು ಗಂಗಯ್ಯ.

ಮಧ್ಯಾಹ್ನಕ್ಕೆ ಮಂತ್ರವಾದಿ ನಿಂಬೆಹಣ್ಣು, ಕಬ್ಬಿಣದ ಮೊಳೆ ಹಿಡಿದು ಬಂದ. ಎಲ್ಲರೂ ಹಜಾರದಲ್ಲಿ ಸೇರಿದರು.

"ಸ್ವಾಮೀ, ನಿಮ್ಮ ಮೊಳೆ ಒಸಿ ಪಕ್ಕಕ್ಕಿಡಿ," ಎಂದರು ಗಂಗಯ್ಯ. "ಮೀನು ಸತ್ತಿದ್ದು ಬ್ಲೀಚಿಂಗ್ ಪೌಡರಿಂದ. ಸರಸಮ್ಮನ ಮೂಗಿಗೆ ಬಡಿದ ಆಸ್ಪತ್ರೆ ವಾಸನೆ ಅದೇ. ವಾರ್ಡ್ ತೊಳೆಯೋದೂ ಅದರಲ್ಲೇ, ಗೂಡು ಬಿಡಿಸಿದ ಮೇಲೆ ಹುಳು ಮನೆ ತೊಳೆಯೋದೂ ಅದರಲ್ಲೇ. ಅದಕ್ಕೇ ಬೆಳೆಗೊಂದು ಮೀನು. ನಿನ್ನೆ ಆ ನೀಲಿ ಬಕೆಟ್ನಲ್ಲಿ ಪೌಡರ್ ಕಲಸಿದ್ರಿ. ಇವತ್ತು ಬೆಳಗಿನ ಜಾವ ಅದೇ ಬಕೆಟ್ಟಿನ ನೀರು ತೊಟ್ಟಿಗೆ ಬಿತ್ತು."

"ಯಾರೋ ಬೇಕಂತ ಹಾಕವ್ರೆ!" ಸರಸಮ್ಮ ಮೈದುನನ ಕಡೆ ತಿರುಗಿದಳು.

"ನಾನಲ್ಲ ಅತ್ಗೆ, ದೇವ್ರಾಣೆ!"

"ಅವನಲ್ಲ ತಾಯಿ," ಎಂದರು ಗಂಗಯ್ಯ. "ಬಾಟ್ಲಿ ನೋಡು. ನೀನು ಗೀಟು ಎಳೆದ ಮೇಲೂ ಯಾರೋ ಔಷ್ದಿ ಹಾಕವ್ರೆ. ಅದಕ್ಕೇ ತೊಟ್ಟಿ ನೀರಿಗೆ ಈಗ ಬಣ್ಣ ಬರಲಿಲ್ಲ, ಎರಡು ಮೀನು ಉಳಿದವು. ಕೊಲ್ಲೋಕೆ ಬಂದೋನು ಬದುಕಿಸೋ ಔಷ್ದಿ ಯಾಕೆ ಹಾಕ್ತಾನೆ? ಬಂದೋನು ಪ್ರೀತಿ ಇರೋನು. ಆದರೆ ಮೊದಲು ನೀರು ಸುರಿದು, ಆಮೇಲೆ ಔಷ್ದಿ ಬಿಟ್ಟ. ನಡುವಿನ ಆ ಗಳಿಗೇಲೇ ಕಿವಿರು ಸುಟ್ಟೋಯ್ತು. ಬೇರೆ ಬಕೆಟ್ನಲ್ಲಿ ನೀರಿಗೆ ಔಷ್ದಿ ಬೆರೆಸಿ, ಒಸಿ ಹೊತ್ತು ಬುಟ್ಟು ಆಮೇಲೆ ತೊಟ್ಟಿಗೆ ಹಾಕಬೇಕು. ಸಾಲದು ಅಂತ ಇನ್ನೊಂದು ಮುಚ್ಚಳ ಸುರಿದರೆ ನೀರಿನ ಉಸಿರೂ ಕಮ್ಮಿ ಆಗಬೌದು. ಅಳತೆ ಮೀರಬಾರದು. ಹುಳು ಮನೆ ಬಕೆಟ್ಟಂತೂ ಮೀನಿನ ಹತ್ರ ಸುಳೀಬಾರದು."

"ಅಷ್ಟೊಂದು ವಾಸನೆ ಹೊಡೆಯೋ ಬಕೆಟ್ಟು ಗೊತ್ತಾಗಲ್ವಾ?" ಎಂದ ಶುಕೂರ್.

"ಮೂಗು ಸತ್ತೋನಿಗೆ ಗೊತ್ತಾಗಲ್ಲ. ವರ್ಷಾನುಗಟ್ಟಲೆ ಆ ಪೌಡರ್ ಕಲಸಿ ಕಲಸಿ ಸತ್ತಿರೋ ಮೂಗು. ಬೆಳಿಗ್ಗೆ ಹಾಲು ಸೀದಾಗ ಹಿತ್ತಲಲ್ಲಿದ್ದೋರು ಓಡಿಬಂದ್ರು. ಪಕ್ಕದಲ್ಲಿದ್ದೋನಿಗೆ ತಿಳೀಲಿಲ್ಲ." ಗಂಗಯ್ಯನ ದನಿ ತಗ್ಗಿತು. "ಇವು ಪಾದ ಅಲ್ಲ ಸರಸಮ್ಮ. ಆ ಬ್ಲೀಚಿಂಗ್ ನೀರು ಚೆಲ್ಲಿದ ನೆಲದಲ್ಲಿ ಮಂಡಿಯೂರಿದ ಗುರುತು. ಹುಳು ಮನೆ ತೊಳೆದೋರ ಬಟ್ಟೆ ಮೇಲೆ ಎಲ್ಲೆಲ್ಲೋ ಬಣ್ಣ ಹೋಗಿರ್ತದೆ. ಎರಡೂ ಮಂಡಿ ಹತ್ರ ದುಂಡಗೆ ಹೋಗಿರೋದು ಒಂದೇ ಲುಂಗಿ."

ಎಲ್ಲರ ಕಣ್ಣೂ ಹನುಮಂತಯ್ಯನ ಮಂಡಿಯ ಮೇಲೆ ನಿಂತವು.

ಅವನು ಗೋಡೆಗೆ ಒರಗಿ ಮೆಲ್ಲಗೆ ಕುಸಿದ. "ಹುಳು ಮನೆ ತೊಳೆದ ಮಾರನೇ ದಿವ್ಸ ಮೀನಿನ ಮನೇನೂ ತೊಳೀಬೇಕು ಅಂತ ಅವ್ಳ ಕಟ್ಟಳೆ. ಇಬ್ರೂ ಸೇರಿ ತೊಳೀತಿದ್ವು, ಅವ್ಳದೇ ಕೆಂಪು ಬಕೆಟ್ನಲ್ಲಿ."

"ಅದನ್ನ ನಾನು ಟ್ರಂಕಲ್ಲಿ ಬೀಗ ಹಾಕಿ ಇಟ್ಟಿವ್ನಿ," ಎಂದಳು ಸರಸಮ್ಮ, ಯಾರಿಗೂ ಕೇಳಿಸದಷ್ಟು ಮೆತ್ತಗೆ.

"ಜ್ವರ ಬಂದಾಗ ಹುಳ ಹಣ್ಣಾಗಿತ್ತು. ಗೂಡು ಕಟ್ಟೋಕೆ ಚಂದ್ರಿಕೆ ತಟ್ಟೆಗೆ ಬುಡೋ ದಿವ್ಸ. ಒಂದಿನ ತಡೀಲಿ, ನಾಳೆ ಆಸ್ಪತ್ರೆಗೆ ಹೋಗವ ಅಂದೆ. ನಾನೇ ಅಂದೆ ಸರಸೂ." ಅವನು ಮುಖ ಎತ್ತಲಿಲ್ಲ. "ಅದಕ್ಕೆ ಪ್ರತಿ ಬೆಳೆಗೂ ಬಂದು ತಪ್ಪಾಯ್ತು ಮಗಾ ಅಂತ ಹೇಳಿ ನೀರು ಬದಲಾಯಿಸ್ತಿದ್ದೆ. ಮಾರನೇ ಗಳಿಗೇಲಿ ಒಂದು ಮೀನು ಸಾಯೋದು. ನನ್ ಕೈ ನೀರು ಅವ್ಳಿಗೆ ಬ್ಯಾಡ, ಇನ್ನೂ ಕೋಪ ಹೋಗಿಲ್ಲ ಅಂದ್ಕೊಂಡೆ. ಕಟ್ಟಾಕುಸ್ಬುಡವ ಅಂತ ಒಪ್ಕೊಂಡಿದ್ದು ಅದಕ್ಕೇ. ಭಯ ಆಯ್ತು."

ಮಂತ್ರವಾದಿ ಮೊಳೆಯನ್ನು ಜೋಳಿಗೆಗೆ ಹಾಕಿಕೊಂಡು, ಯಾರೂ ಏನೂ ಹೇಳದೆಯೇ ಅಂಗಳ ದಾಟಿದ. ಜಯಕುಮಾರ ಅಣ್ಣನ ಹೆಗಲು ಮುಟ್ಟಿ, ನವ್ಯಶ್ರೀಯನ್ನು ಒಳಗೆ ಕರೆದೊಯ್ದ.

ಸರಸಮ್ಮ ಗಂಡನ ಎದುರು ನೆಲದ ಮೇಲೆ ಕೂತಳು. ಬೈಯುತ್ತಾಳೆ ಎಂದು ಶುಕೂರ್ ಕಾದ. ಅವಳು ಮೀನಿನ ಕಡೆ ತಿರುಗಿದಳು.

"ನೀವು ಹಂಗೆ ಮಾತಾಡ್ಸಿದಾಗ ಅವ್ಳು ಏನಾರ ಅಂದ್ಲಾ?"

"ಏನೂ ಅನ್ನಲಿಲ್ಲ."

"ವಾಸನೆ ಬಂದಾಗೆಲ್ಲ ನಾನೂ ಕೇಳ್ದೆ. ಊಟ ಮಾಡಿದ್ಯೇನವ್ವ ಅಂತ." ಅವಳು ತೊಟ್ಟಿಯ ಗಾಜಿನ ಮೇಲೆ ಕೈಯಿಟ್ಟಳು. "ಹಂಗಾದ್ರೆ ಅವ್ಳು ಒಂದ್ಸಲಾನೂ ಬಂದಿರ್ನಿಲ್ಲ ಕಣ್ರೀ."

ಹನುಮಂತಯ್ಯ ಕೈ ಚಾಚಿದ. ಆರು ತಿಂಗಳಲ್ಲಿ ಮೊದಲ ಸಲ ಇಬ್ಬರೂ ಒಬ್ಬರನ್ನೊಬ್ಬರು ಹಿಡಿದುಕೊಂಡು, ಮಗಳು ಸತ್ತ ಮನೆಯಲ್ಲಿ ಅಳಬೇಕಾದಂತೆ ಅತ್ತರು.