ಹೊಟ್ಟು ಬೀಳದ ಜಾಗ

ನಾನು ಹುಮನಾಬಾದಿನ ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸುತ್ತೇನೆ. ಗಾಳಿಯ ಸುಳಿ ಎತ್ತ ತಿರುಗುತ್ತದೆಂದು ಯಾರೂ ಮೊದಲೇ ಹೇಳಲಾರರು, ಆದರೂ ಆ ಗೊಂದಲದೊಳಗೆ ಒಂದು ಕ್ರಮ ಅಡಗಿರುತ್ತದೆ ಎಂದು ಪಾಠ ಮಾಡುವವಳು. ಹೋದ ಫೆಬ್ರವರಿಯಲ್ಲಿ, ಮೋರಖಂಡಿಯ ನಮ್ಮ ಕಣದಲ್ಲಿ, ಆ ಕ್ರಮವನ್ನು ಕಣ್ಣಾರೆ ಕಂಡೆ.

ನಡು ಮಧ್ಯಾಹ್ನ. ಶೇವಂತಾ ಕಾಕಿ ಬೀಜದ ತೊಗರಿ ತೂರುತ್ತಿದ್ದಳು, ನಾನು ಎದುರಿಗೆ ನಿಂತು ಮೊರ ತುಂಬಿ ಕೊಡುತ್ತಿದ್ದೆ. ಗಾಳಿ ದಿಕ್ಕುಗೆಟ್ಟು ಬೀಸಿ ಹೊಟ್ಟು ಎಲ್ಲೆಂದರಲ್ಲಿ ಬೀಳುತ್ತಿತ್ತು. ಕೊನೆಯ ಮೊರ ಕೊಡುತ್ತ "ಮುಗೀತು, ಕಾಕಿ" ಎಂದುಬಿಟ್ಟೆ.

ಕಾಕಿ ಬೆಚ್ಚಿದಳು. "ಕಣದಾಗ ಮುಗೀತು ಅಂತಾರೇನ? ಹೆಚ್ಚಾತು ಅನಬೇಕವಾ!"

ನಾನು ನಕ್ಕೆ. ಅಷ್ಟರಲ್ಲಿ ಸುಡುವ ಬಿಸಿಲಲ್ಲೇ ಗಾಳಿ ತಣ್ಣಗಾಯಿತು. ನಮ್ಮಿಬ್ಬರ ನಡುವೆ, ಯಾರೂ ಇಲ್ಲದ ಕಡೆ, ಎರಡು ಪಾದದಷ್ಟು ನೆಲ ಹೊಟ್ಟಿಲ್ಲದೆ ಬರಿದಾಗಿತ್ತು. ಬೆರಳುಗಳ ಆಕಾರವೂ ಸ್ಪಷ್ಟವಾಗಿತ್ತು.

ಗಡಬಡಿಸಿ ನೆಲವನ್ನೆಲ್ಲ ಗುಡಿಸಿದೆ. ಕಾಕಿ ಬೊಗಸೆ ಬೊಗಸೆ ಹೊಟ್ಟನ್ನು ಮತ್ತೆ ಗಾಳಿಗೆ ಹಾರಿಸಿದಳು. ಗಾಳಿ ಈ ಸಲ ಬೇರೆ ಕಡೆಯಿಂದ ಬಂತು. ಹೊಟ್ಟು ಎಲ್ಲ ಕಡೆ ಬಿತ್ತು, ಆ ಎರಡು ಪಾದ ಬಿಟ್ಟು.

"ಯಾರೋ ನಿಂತಾರವಾ, ನಡಿ ನಡಿ" ಎಂದು ಕಾಕಿ ನನ್ನ ಕೈ ಹಿಡಿದು ಎಳೆದಳು. ಗಾಳಿ ಪೂರ್ತಿ ನಿಂತುಹೋಗಿತ್ತು. ನಾನು ತಿರುಗಿ ನೋಡಿದೆ.

ನಿಂತವರ ಕಾಲಡಿ ಹೊಟ್ಟು ಬೀಳುವುದಿಲ್ಲ, ಇದು ಎಂಥವರಿಗೂ ಗೊತ್ತು. ಆದರೆ ನಾನೂ ಕಾಕಿಯೂ ಅಷ್ಟು ಹೊತ್ತು ನಿಂತಿದ್ದ ಜಾಗಗಳಲ್ಲಿ, ಯಾರೂ ಕಾಲೇ ಇಟ್ಟಿಲ್ಲವೆಂಬಂತೆ, ಹೊಟ್ಟು ಸಮನಾಗಿ ಹಾಸಿತ್ತು.