ಮುಳುಗಿದ ಬಂದರಿನ ಮೂರು ತೂತಿನ ಕಲ್ಲು

ಬಹಳ ಹಿಂದೆ, ಕಡಲೇ ಗಡಿಯಾಗಿದ್ದ ವಾರಿಪುರವೆಂಬ ರಾಜ್ಯದಲ್ಲಿ ಸಿರಿಯಬ್ಬೆ ಎಂಬ ಹೆಂಗಸಿದ್ದಳು. ಅವಳು ಓಲೆಗರಿಯ ಮೇಲೆ ಮೂರು ಪುಸ್ತಕ ಬರೆದಿದ್ದಳು. ಮೊದಲನೆಯದು ಹಿಂದಿನವರು ಹಡಗು ಕಟ್ಟಿದ ಬಗೆಯದು. ಎರಡನೆಯದು ವ್ಯಾಪಾರದ ಹಡಗುಗಳು ನಂಬಿದ ಗಾಳಿಗಳದು. ಮೂರನೆಯದು ಕಡಲಡಿ ಮುಳುಗಿದ ಹಳೆಯ ಬಂದರಿನದು.

ಒಂದು ವರ್ಷ ಮಂಜುಗಣ್ಣನೆಂಬ ಮಾಂತ್ರಿಕ ತೆಂಕಣ ಕೊಲ್ಲಿಯಲ್ಲಿ ಹನ್ನೆರಡು ಹಡಗುಗಳನ್ನು ಕಲ್ಲು ಮಾಡಿದ. ಹಡಗಿನವರೂ ಕಲ್ಲಾದರು. ಅವರಲ್ಲಿ ಸಿರಿಯಬ್ಬೆಯ ಗಂಡ ಬೈಚನೂ ಇದ್ದ.

ಸಿರಿಯಬ್ಬೆ ಅರಮನೆಗೆ ಹೋಗಿ, "ಪ್ರಭು, ಅವರನ್ನು ಬಿಡಿಸಿ ತರಲು ನಾನು ಹೋಗುತ್ತೇನೆ" ಎಂದಳು.

"ನಾನು ಕಳಿಸಿದ ಯೋಧರೇ ಹಿಂದಿರುಗಲಿಲ್ಲ. ಬರೆಯುವವಳು ನೀನು, ಏನು ಮಾಡುತ್ತೀಯಮ್ಮ?" ಎಂದ ರಾಜ.

"ಅವರು ಹೋದಂಥ ದೋಣಿಯಲ್ಲಿ ನಾನು ಹೋಗುವುದಿಲ್ಲ."

ಅವಳು ಹಲಗೆಗಳನ್ನು ತೆಂಗಿನ ನಾರಿನ ಹಗ್ಗದಿಂದ ಹೊಲಿದು ದೋಣಿ ಮಾಡಿದಳು. ಒಂದೂ ಮೊಳೆ ಹೊಡೆಯಲಿಲ್ಲ. ಮೊದಲು ಸೂಜಿಗಲ್ಲಿನ ಬೆಟ್ಟ ಎದುರಾಯಿತು. ಯೋಧರ ದೋಣಿಗಳ ಕಬ್ಬಿಣದ ಮೊಳೆಗಳೆಲ್ಲ ಅದಕ್ಕೆ ಮುಳ್ಳಿನಂತೆ ಅಂಟಿದ್ದವು. ಹೊಲಿದ ದೋಣಿ ಅದರ ಬುಡದಲ್ಲೇ ಸುಮ್ಮನೆ ದಾಟಿತು.

ಮುಂದೆ ಒಂದು ಬಂಡೆಯ ಮೇಲೆ ಗಾಳಿ ಕುಡಿಯುವ ಹಕ್ಕಿ ಕುಳಿತಿತ್ತು. ದೋಣಿಯ ಹಾಯಿಪಟ ಜೋತುಬಿತ್ತು. ಸಿರಿಯಬ್ಬೆ ಬುತ್ತಿ ಬಿಚ್ಚಿ ಅವಲಕ್ಕಿ ತಿಂದಳು.

"ನನಗೆ ಹೆದರುವುದಿಲ್ಲವೇ?" ಎಂದಿತು ಹಕ್ಕಿ.

"ಮಧ್ಯಾಹ್ನ ಬಡಗಣ ಗಾಳಿ ಏಳುತ್ತದೆ. ಅಷ್ಟನ್ನೂ ಕುಡಿಯುತ್ತೀಯಾ, ನೋಡೋಣ."

ಗಾಳಿ ಎದ್ದಿತು. ಹಕ್ಕಿ ಕುಡಿಯಿತು, ಕುಡಿಯಿತು, ಬೆಟ್ಟದಷ್ಟು ಉಬ್ಬಿ ಒಡೆದು ಸಾವಿರ ಬಿಳಿ ಹಕ್ಕಿಗಳಾಗಿ ಹಾರಿಹೋಯಿತು.

ಕೊಲ್ಲಿಯಲ್ಲಿ ಕಲ್ಲಿನ ಹಡಗುಗಳ ನಡುವೆ ಒಂದು ಮುದಿ ಆಮೆ ಎದ್ದಿತು. ಅದು ದೊಡ್ಡ ಗುಳ್ಳೆ ಊದಿ, ಅವಳನ್ನು ಅದರೊಳಗೆ ಕೂರಿಸಿಕೊಂಡು ಕೆಳಗಿಳಿಯಿತು. ಅಲ್ಲಿ ಮುಳುಗಿದ ಬಂದರಿತ್ತು! ಮೆಟ್ಟಿಲುಗಳು, ಬೀದಿಗಳು, ಕಂಬದಿಂದ ಕಂಬಕ್ಕೆ ಈಜುವ ಬೆಳ್ಳಿಮೀನುಗಳು. ಸಿರಿಯಬ್ಬೆ ಗುಳ್ಳೆಯ ಅಂಚಿಗೆ ಮುಖವೊತ್ತಿ ನೋಡಿದಳು.

ಆಮೆ ಮೂರು ತೂತಿನ ಒಂದು ದೊಡ್ಡ ಕಲ್ಲು ತೋರಿಸಿತು. "ಇದೇನು? ತಪ್ಪು ಹೇಳಿದರೆ ನೀನೂ ಕಲ್ಲಾಗುತ್ತೀಯ."

ಇಂಥದ್ದು ಬಾಗಿಲ ಕಲ್ಲು ಎಂದು ಅವಳು ಮೂರನೆಯ ಪುಸ್ತಕದಲ್ಲಿ ಬರೆದಿದ್ದಳು. ಹೇಳಲು ಬಾಯಿ ತೆರೆದವಳು ತಡೆದಳು. ಕೈಚಾಚಿ ತೂತಿನ ಅಂಚು ಮುಟ್ಟಿದಳು. ಹಗ್ಗ ಉಜ್ಜಿ ಉಜ್ಜಿ ಅಲ್ಲಿ ಗೀರು ಬಿದ್ದಿತ್ತು.

"ನಾನು ಬರೆದದ್ದು ತಪ್ಪು," ಎಂದಳು ಮೆಲ್ಲಗೆ. "ಇದು ಬಾಗಿಲ ಕಲ್ಲಲ್ಲ, ಲಂಗರು. ಹಡಗು ನಿಲ್ಲಿಸುವ ಲಂಗರು."

"ಸರಿ ತಾಯಿ. ಮಾಂತ್ರಿಕನ ಪ್ರಾಣ ಇದರಡಿ ಇದೆ. ಈ ಕಲ್ಲಿನ ಹೆಸರು ತಿಳಿದವರಿಗಷ್ಟೇ ಇದು ಏಳುತ್ತದೆ."

ಸಿರಿಯಬ್ಬೆ ಲಂಗರು ಎತ್ತಿದಳು. ಹೂವಿನಷ್ಟು ಹಗುರವಾಗಿ ಬಂತು. ಅದರಡಿಯಿದ್ದ ಕಪ್ಪು ಚಿಪ್ಪು ಪುಡಿಯಾಯಿತು. ಮೇಲೆ ಮಂಜುಗಣ್ಣ ಕಿರುಚಿ ನೊರೆಯಾಗಿ ಕರಗಿದ. ಹನ್ನೆರಡು ಹಡಗುಗಳೂ ಒಮ್ಮೆಗೇ ಉಸಿರೆಳೆದವು. ಕಲ್ಲು ಮರವಾಯಿತು, ಕಲ್ಲಾದವರು ಮನುಷ್ಯರಾದರು. ಆಮೆ ಸಿರಿಯಬ್ಬೆಯನ್ನು ಮೇಲೆ ತಂದು ಬೈಚನ ಹಡಗಿನ ಬಳಿ ಬಿಟ್ಟಿತು.

ಬೈಚ ಕಣ್ಣುಜ್ಜಿಕೊಂಡ. "ಸಿರೀ, ನೀನಿಲ್ಲಿ ಹೇಗೆ? ಕುಡಿಯೋಕೆ ನೀರಿದೆಯೇನೆ?"

ಅವಳು ನಕ್ಕಳು, ಅತ್ತಳು, ನೀರು ಕೊಟ್ಟಳು.

ಆಗ ಕಡಲು ಇಬ್ಬಾಗವಾಗಿ ಮುಳುಗಿದ ಬಂದರು ಹೊಳೆಯುತ್ತ ಮೇಲೆದ್ದಿತು. ನಾವಿಕರು ಬರಿಗಾಲಲ್ಲಿ ಅದರ ಒದ್ದೆ ಮೆಟ್ಟಿಲು ಹತ್ತಿದರು, ಪಿಸುಮಾತಿನಲ್ಲೇ ಮಾತಾಡಿದರು. ದೂರದೇಶದ ಹಡಗುಗಳು ಅಲ್ಲಿಗೆ ಬಂದವು, ಹೋದವು. ಕಡಲಿಗೆ ಹೋದವರೆಲ್ಲ ಮನೆಗೆ ಮರಳಿದರು; ವಾರಿಪುರದವರು ತಲೆತಲಾಂತರ ನೆಮ್ಮದಿಯಿಂದ ಬಾಳಿದರು.