ಕುಬೇರಪ್ಪನ ಕಂಠ

ಬೆಳಿಗ್ಗೆ ಹೊಲಕ್ಕೆ ಹೊರಟ ಕುಬೇರಪ್ಪ ಎತ್ತುಗಳನ್ನು ಕರೆಯಲು ಬಾಯಿ ತೆರೆದ. ಧ್ವನಿ ಬರಲಿಲ್ಲ. ಇನ್ನೊಮ್ಮೆ ಕರೆದ — ಒಣ ಎಲೆ ತುಳಿದಂಥ ಸಪ್ಪಳ, ಅಷ್ಟೇ. ಗಂಟಲು ಹಿಡಿದುಕೊಂಡು ಅಂಗಳದಲ್ಲೇ ಕುಸಿದು ಕೂತ.

ಹಿರೇಹಂದಿಗೋಳದಲ್ಲಿ ಇದು ಸಣ್ಣ ಸುದ್ದಿಯಲ್ಲ. ೧೯೫೬ರ ಅಕ್ಟೋಬರ್ ಅದು. ನವೆಂಬರ್ ಒಂದಕ್ಕೆ ಮುಂಬೈ ರಾಜ್ಯದ ನಂಟು ಹರಿದು ನಾವು ಕನ್ನಡಿಗರೆಲ್ಲ ಒಂದಾಗುವವರಿದ್ದೆವು. ಆ ದಿನಕ್ಕೆಂದು ಊರಿನವರು ಸೇರಿ ನಾಟಕ ಕಟ್ಟಿದ್ದರು. ಬರೆದವನು ಊರ ಶಾಲೆಯ ಮಾಸ್ತರನಾದ ನಾನು. ರಾಜಕುಮಾರನಾಗಿ ಹಾಡಬೇಕಾದವನು ಕುಬೇರಪ್ಪ. ಅವನ ಹಾಡಿಗೆಂದೇ ಗದಗಿನಿಂದ ಮಂದಿ ಚಕ್ಕಡಿ ಕಟ್ಟಿಕೊಂಡು ಬರುತ್ತಿದ್ದರು.

ಗದಗಿನ ಡಾಕ್ಟರು ಗಂಟಲೊಳಗೆ ಬೆಳಕು ಬಿಟ್ಟು ನೋಡಿದರು. ಒಳಗೆಲ್ಲ ಬಾತಿದೆ, ಇದು ನೆಗಡಿಯಲ್ಲ, ಬೇಡದ್ದೇನೋ ಒಳಗೆ ಹೋಗಿದೆ ಎಂದರು. ಧ್ವನಿ ಮರಳುತ್ತದೆಯೇ? ಮರಳಬಹುದು. ಮೊದಲಿನಂತೆ? ಅವರು ಬೆಳಕು ಆರಿಸಿ ಔಷಧಿಯ ಚೀಟಿ ಬರೆಯತೊಡಗಿದರು.

ಆ ‘ಏನೋ’ ಏನೆಂದು ಊರಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಹಾಡುವವನ ಕಂಠ ಕೆಡಿಸಲು ಕುಡಿಯುವುದರಲ್ಲಿ ಸಿಂಧೂರ ಹಾಕುತ್ತಾರೆಂಬ ಮಾತು ನಾಟಕದವರ ನಡುವೆ ಮೊದಲಿನಿಂದಲೂ ಇತ್ತು. ನಮ್ಮ ಬಣ್ಣದ ಪೆಟ್ಟಿಗೆ ತೆರೆದು ನೋಡಿದೆವು. ಸಿಂಧೂರದ ಪೊಟ್ಟಣ ಹರಿದಿತ್ತು. ಪೆಟ್ಟಿಗೆಯನ್ನು ಕಾಯುವವನು ತಿರಕಪ್ಪ.

ತಿರಕಪ್ಪ ನಮ್ಮ ನಾಟಕಗಳ ಖಳ. ದಪ್ಪ ಹುಬ್ಬು, ಕೆಂಪು ಕಣ್ಣು, ಬಯಲಿಗೆ ಕೇಳುವಂಥ ಮಾತು. ಮಕ್ಕಳು ಹಗಲಲ್ಲೂ ಅವನನ್ನು ಕಂಡರೆ ಓಣಿ ಬದಲಿಸುತ್ತಿದ್ದರು. ಮನಸ್ಸಿನಲ್ಲಿದ್ದುದನ್ನು ನುಂಗುವ ಸ್ವಭಾವವೂ ಅವನದಲ್ಲ. ಕುಬೇರನ ಗಂಟಲು ಒಂದು ದಿನ ಕಟ್ಟಿದರೆ ನನಗೂ ರಾಜಕುಮಾರನ ಕಿರೀಟ ಸಿಗುತ್ತದೆ ಎಂದು ತಾಲೀಮಿನಲ್ಲಿ ಎಲ್ಲರೆದುರೇ ಹೇಳಿದ್ದ. ಆಗ ನಕ್ಕಿದ್ದೆವು. ಈಗ ಯಾರೂ ನಗಲಿಲ್ಲ.

ಸಂಜೆಯೊಳಗೆ ತೀರ್ಪಾಯಿತು. ತಿರಕಪ್ಪನ ಹೆಂಡತಿ ದುರಗವ್ವ ಬಾವಿಗೆ ಬಂದರೆ ಉಳಿದ ಹೆಂಗಸರು ಅರ್ಧ ತುಂಬಿದ ಕೊಡವನ್ನೇ ಎತ್ತಿಕೊಂಡು ಹೊರಡತೊಡಗಿದರು. ಮಗಳು ತಿಪ್ಪವ್ವನನ್ನು ಶಿರಹಟ್ಟಿ ಕಡೆಯ ಮಾಗಡಿಯ ಒಂದು ಮನೆತನಕ್ಕೆ ಕೊಡುವ ಮಾತಾಗಿತ್ತು. ಅಲ್ಲಿಂದ ಖಬರು ಬಂತು — ಸದ್ಯಕ್ಕೆ ಬೇಡ.

ದುರಗವ್ವ ಉಳವಪ್ಪನ ಮನೆಗೆ ಬಂದದ್ದು ಆಗ. ಉಳವಪ್ಪ ಮುಂಡರಗಿ, ಶಿರಹಟ್ಟಿ ಕಡೆ ಪೊಲೀಸ್ ಜಮಾದಾರನಾಗಿದ್ದು ನಿವೃತ್ತನಾಗಿ ಊರಿಗೆ ಮರಳಿದ್ದವನು; ನನ್ನ ಗೆಳೆಯ. ಕಟ್ಟೆಯ ಮೇಲೆ ನಾನೂ ಇದ್ದೆ.

“ನಮ್ಮನಿಯವರು ಸಿಟ್ಟಿನವರು ಖರೆ, ಜಮಾದಾರ್ರ,” ಎಂದಳು ದುರಗವ್ವ. “ಆದ್ರ ಅವರ ಸಿಟ್ಟು ಊರಿಗೆಲ್ಲಾ ಕಾಣತೈತಿ. ಬಾಯಿಲೆ ಬೈಯಾಕ ಬರೂ ಮನಶ್ಯಾ ಕದ್ದು ಯಾಕ ಹಾಕತಾನ್ರಿ?”

ಉಳವಪ್ಪ ನನ್ನತ್ತ ತಿರುಗಿದ.

“ಮಾಸ್ತರ, ಧ್ವನಿ ಹೋಗೂ ಹಿಂದಿನ ರಾತ್ರಿ ತಾಲೀಮಿನ್ಯಾಗ ಕುಬೇರಪ್ಪ ಏನು ಕುಡದ?”

“ಕಷಾಯ. ದಿನಾ ಕುಡಿಯೂದ ಅದು.”

“ಯಾರು ಕೊಟ್ರು?”

ನಡೆಯುತ್ತಿದ್ದುದನ್ನು ವಿವರಿಸಿದೆ. ಶಾಲೆಯಲ್ಲಿ ತಾಲೀಮು. ಕುಬೇರಪ್ಪನ ಹೆಂಡತಿ ಅಮೃತವ್ವ ಮೆಣಸು, ಶುಂಠಿ, ಬೆಲ್ಲ ಹಾಕಿ ಕುದಿಸಿದ ಕಪ್ಪು ಕಷಾಯವನ್ನು ಒಂದೇ ಪಾತ್ರೆಯಲ್ಲಿ ತರುವಳು. ಗಂಡನಿಗೆ ತಂಬಿಗೆಯಲ್ಲಿ ಹಾಕಿಡುವಳು. ಉಳಿದದ್ದನ್ನು ಕಿಟಕಿಯಲ್ಲಿಟ್ಟ ಪಿಂಗಾಣಿ ಕಪ್ಪಿಗೆ ಮೇಲಿನಿಂದ ಸುರಿದು ಮನೆಗೆ ಹೋಗುವಳು. ಆ ಕಪ್ಪು ಅಮೀನಬಿಯದು. ರಾಜಕುಮಾರಿಯ ಪಾತ್ರಕ್ಕೆಂದು ಬೆಟಗೇರಿಯಿಂದ ಕರೆಸಿದ್ದ ನಾಟಕ ಕಂಪನಿಯ ನಟಿ ಅವಳು. ಮುಸಲ್ಮಾನರ ಹೆಂಗಸೆಂದು ಅವಳಿಗೆ ಬೇರೆ ಕಪ್ಪು. ಅದನ್ನು ಯಾರೂ ಮುಟ್ಟುತ್ತಿರಲಿಲ್ಲ. ಮುಟ್ಟುವವನು ಒಬ್ಬನೇ, ನಮ್ಮ ನಾಟಕದವನೇ ಆದ ಹೇಮಪ್ಪ. ತಾನೇ ಎತ್ತಿ ಅವಳ ಕೈಗೆ ಕೊಡುತ್ತಿದ್ದ. ಹೇಮಪ್ಪನಿಗೆ ಭೇದಭಾವವಿಲ್ಲ ಎಂದು ನಾವೆಲ್ಲ ಮೆಚ್ಚಿಕೊಂಡಿದ್ದೆವು.

“ತಿರಕಪ್ಪ?”

“ಅಂವ ಆ ಕಿಟಕಿ ಹತ್ರ ಸುದ್ದಾ ಹೋಗೂದಿಲ್ಲ. ಮಡಿ ಭಾಳ ಅವಂದು.”

ಉಳವಪ್ಪ ಎದ್ದು ರುಮಾಲು ಸುತ್ತಿಕೊಂಡ.

ಮೊದಲು ಕುಬೇರಪ್ಪನ ಮನೆ. ಓಣಿಯ ತುದಿಗೇ ಅವನ ತಾಯಿ ಹನಮಂತವ್ವನ ಧ್ವನಿ ಕೇಳುತ್ತಿತ್ತು. ತಿರಕಪ್ಪನ ವಂಶವನ್ನು ಹೆಸರು ಹಿಡಿದು ಶಪಿಸುತ್ತಿದ್ದಳು. ಅವನೇ ಮಾಡಿದನೆಂದು ಹೇಗೆ ಗೊತ್ತಾಯಿತು ಎಂದು ಉಳವಪ್ಪ ಕೇಳಿದ. ಓಣಿಯವರೆಲ್ಲ ಹೇಳುತ್ತಾರೆ ಎಂದಳು. ಓಣಿಯಲ್ಲಿ ಮೊದಲು ಯಾರು ಹೇಳಿದರು? ಎದುರು ಮನೆಯಾಕೆ. ಆಕೆಯನ್ನು ಕೇಳಿದರೆ, ತಾನು ಹನಮಂತವ್ವನ ಬಾಯಿಂದಲೇ ಕೇಳಿದ್ದೆಂದಳು. ಮತ್ತೆ ಹನಮಂತವ್ವನ ಬಳಿಗೆ ಬಂದೆವು. ಮುದುಕಿ ತಡಕಾಡಿ ನೆನಪಿಸಿಕೊಂಡಳು. ಆ ಬೆಳಿಗ್ಗೆ ಹೇಮಪ್ಪ ಮಾತಾಡಿಸಿಕೊಂಡು ಹೋಗಲು ಬಂದಿದ್ದ. ಪಾಪ, ಅವನು ಯಾರ ಹೆಸರನ್ನೂ ಹೇಳಲಿಲ್ಲ. ಬಣ್ಣದ ಪೆಟ್ಟಿಗೆ ಯಾರ ಹತ್ತಿರ ಇರುತ್ತದೆ ಎಂದು ಕೇಳಿದ, ಅಷ್ಟೇ.

ಒಳಗೆ ಅಮೃತವ್ವ ಕಣ್ಣೀರು ಹಾಕುತ್ತಿದ್ದಳು. ತನ್ನ ಪಾತ್ರೆಯಲ್ಲೇ ವಿಷ ಬಿದ್ದಿತೇ ಎಂಬ ಕೊರಗು ಅವಳಿಗೆ. ಗಂಡ ಅಂದು ತಂಬಿಗೆಯಲ್ಲಿ ಉಳಿಸಿ ತಂದದ್ದನ್ನು ಬೆಲ್ಲ ಹಾಳಾಗದಿರಲೆಂದು ಅತ್ತೆಯ ಕೆಮ್ಮಿಗೆ ಕಾಯಿಸಿ ಕೊಟ್ಟದ್ದು, ನಸುಕಿನಲ್ಲಿ ಎದ್ದು ರೊಟ್ಟಿ ಬಡಿದದ್ದು, ಅಂಗಳದಲ್ಲಿ ಗಂಡ ಕುಸಿದದ್ದು — ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದಳು. ಕುಬೇರಪ್ಪ ಗೋಡೆಗೊರಗಿ ಕೂತಿದ್ದ. ಉಳವಪ್ಪ ಅವನನ್ನು ಒಂದೇ ಪ್ರಶ್ನೆ ಕೇಳಿದ.

“ತಂಬಿಗಿದ ಕುಡದಿ ಹೌದಲ್ಲೋ?”

ಕುಬೇರಪ್ಪ ಹೆಂಡತಿಯತ್ತ ನೋಡಿದ. ಹೌದೆಂದು ತಲೆಯಾಡಿಸಿದ.

ಮರುದಿನ ಬೆಟಗೇರಿಗೆ ಹೋದೆವು. ಮಗ್ಗಗಳ ಸಪ್ಪಳದ ನಡುವೆ ಅಮೀನಬಿಯ ಸಣ್ಣ ಮನೆ. ನಮ್ಮನ್ನು ಕಂಡು ಅವಳು ಗಾಬರಿಯಾಗಲಿಲ್ಲ, ದಣಿದವಳಂತೆ ಕಂಡಳು. ಇಂಥದ್ದು ನಡೆದಲ್ಲೆಲ್ಲ ಕೊನೆಗೆ ನನ್ನ ಬಾಗಿಲಿಗೇ ಬರುತ್ತಾರೆ ಎಂದಳು. ಅಂದು ನಿನ್ನ ಕಷಾಯ ಕುಡಿದೆಯಾ ಎಂದು ಉಳವಪ್ಪ ಕೇಳಿದ.

“ಕುಡದೇನ್ರಿ.”

“ಗಂಟಲಾ ಆರಾಮ ಐತಿ?”

ಅವಳು ತಡೆದಳು. “ಐತ್ರಿ. ಕಪ್ಪು ನಾನ ತೊಳದಿಟ್ಟು ಬಂದೆ.” ಅಷ್ಟು ಹೇಳಿ ಕಣ್ಣು ಕೆಳಗೆ ಹಾಕಿದಳು.

ಹೊರಗೆ ಬಂದ ಮೇಲೆ ಉಳವಪ್ಪ ಹೇಳಿದ: “ಸುಳ್ಳು ಹೇಳಿದ್ಲು. ಆದ್ರ ಅದು ಆಕಿ ಸಲುವಾಗಿ ಹೇಳಿದ ಸುಳ್ಳಲ್ಲ.” ನನಗೆ ಅರ್ಥವಾಗಲಿಲ್ಲ.

ಊರಿಗೆ ಮರಳುವಾಗ ಹೇಮಪ್ಪ ತನ್ನ ಹೊಲದ ಬದುವಿನಲ್ಲೇ ಸಿಕ್ಕ. ಅಮೀನಬಿ ಬರುವ ತನಕ ನಮ್ಮ ಎಲ್ಲ ನಾಟಕಗಳಲ್ಲೂ ಕುಬೇರಪ್ಪನ ಎದುರು ರಾಜಕುಮಾರಿಯಾಗಿ ನಿಂತವನು ಅವನೇ. ಆ ಪಾತ್ರಕ್ಕಾಗಿ ಪ್ರಾಯದಿಂದಲೂ ಮೀಸೆ ಬೋಳಿಸಿಕೊಂಡೇ ಇದ್ದವನು. ಈಗ ಎಲ್ಲ ಊರಿನವರೂ ನಿಜವಾದ ಹೆಂಗಸನ್ನೇ ರಂಗಕ್ಕೆ ತರುತ್ತಿದ್ದರು, ನಾವೂ ತಂದೆವು. ಹೇಮಪ್ಪ ಮೀಸೆ ಬಿಟ್ಟಿದ್ದ. ಅದು ಇನ್ನೂ ಸರಿಯಾಗಿ ಕೂಡಿರಲಿಲ್ಲ. ಮಾತಾಡುವಾಗ ಪದೇ ಪದೇ ಅದನ್ನು ಮುಟ್ಟಿ ನೋಡಿಕೊಳ್ಳುತ್ತಿದ್ದ.

“ಪಾತ್ರ ಹೋತಂತ ಬ್ಯಾಸರಿಲ್ಲೇನೋ?” ಉಳವಪ್ಪ ಕೇಳಿದ.

“ಭಾರ ಇಳೀತ್ರಿ. ಮಂದಿ ನಗೂದು ತಪ್ಪಿತು. ಆಕಿಗೆ ನಡಿಗಿ ಕಲಿಸಿದವ ನಾನ. ನನ್ನ ಗೆಜ್ಜಿ ಸುದ್ದಾ ಕೊಟ್ಟೇನಿ.” ಕುಬೇರಪ್ಪನಂಥ ಹಾಡುಗಾರ ಈ ಸೀಮೆಯಲ್ಲೇ ಇಲ್ಲ, ಇಂಥವನಿಗೆ ಹೀಗಾಗಬಾರದಿತ್ತು ಎಂದು ಕಣ್ಣು ಒರೆಸಿಕೊಂಡ.

ಮಾರನೆಯ ದಿನ ಶಾಲೆಯಲ್ಲಿ ಎಲ್ಲರೂ ಸೇರಿದರು. ತಿರಕಪ್ಪ ದೂರ ನಿಂತಿದ್ದ; ಅವನ ಪಕ್ಕದಲ್ಲಿ ಯಾರೂ ನಿಂತಿರಲಿಲ್ಲ. ಉಳವಪ್ಪ ಹೇಳಿಕಳಿಸಿದ್ದರಿಂದ ಅಮೀನಬಿಯೂ ಬಂದಿದ್ದಳು. ಉಳವಪ್ಪ ಎದ್ದು ನಿಂತು ಮೊದಲು ಹನಮಂತವ್ವನನ್ನು ಮಾತಾಡಿಸಿದ.

“ಯವ್ವಾ, ಮಗ ಉಳಿಸಿದ ಕಷಾಯ ನೀ ಕುಡದಿ. ನಿನ್ನ ಧ್ವನಿಗೆ ಏನರ ಆಗೇತೇನು?”

ಹನಮಂತವ್ವ ಬಾಯಿ ತೆರೆದಳು, ಹಾಗೆಯೇ ಮುಚ್ಚಿದಳು. ಯಾರೋ ಕಿಸಕ್ಕನೆ ನಕ್ಕು ಸುಮ್ಮನಾದರು. ಇಷ್ಟು ದಿನ ಆ ಧ್ವನಿಯಿಂದ ಕಿವಿ ಮುಚ್ಚಿಕೊಂಡಿದ್ದವರೇ ನಾವೆಲ್ಲ. ಅಮೃತವ್ವ ಹೇಳಿದ ಮಾತನ್ನು ನಾನೂ ಕೇಳಿದ್ದೆ. ಕೇಳಿಯೂ ಕೇಳಿರಲಿಲ್ಲ.

ಉಳವಪ್ಪ ಬಿಡಿಸಿ ಹೇಳಿದ. ತಂಬಿಗೆಯಲ್ಲಿ ವಿಷವಿರಲಿಲ್ಲ. ಪಾತ್ರೆಯಲ್ಲೂ ಇರಲಿಲ್ಲ. ಕಷಾಯ ಇದ್ದ ಮೂರನೆಯ ಜಾಗ ಒಂದೇ — ಕಿಟಕಿಯ ಕಪ್ಪು.

“ಕುಬೇರಪ್ಪನ ಮ್ಯಾಲೆ ಯಾರಿಗೆ ಹೊಟ್ಟಿಕಿಚ್ಚು ಅಂತ ಎಲ್ಲಾರೂ ಹುಡುಕಿದ್ರಿ. ಕಣ್ಣಿಗೆ ಕಂಡಂವ ತಿರಕಪ್ಪ. ಆದ್ರ ಇದು ಕುಬೇರಪ್ಪಗ ಹಾಕಿದ್ದಲ್ಲ. ಅಮೀನಬಿಗೆ ಹಾಕಿದ್ದು. ಕುಬೇರಪ್ಪ, ಆಕಿ ಕಪ್ಪಿಲೆ ಕುಡದದ್ದು ಖರೆ ಏನು?”

ಕುಬೇರಪ್ಪ ನೆಲ ನೋಡುತ್ತ ಹೌದೆಂದು ತಲೆಯಾಡಿಸಿದ. ಅಮೀನಬಿ ಸಣ್ಣ ಧ್ವನಿಯಲ್ಲಿ ಹೇಳಿದಳು — ಹಾಡಿ ಹಾಡಿ ಅವರ ಗಂಟಲು ಒಣಗಿತ್ತು, ತಂಬಿಗೆ ದೂರವಿತ್ತು, ನಾನು ಇನ್ನೂ ಬಾಯಿ ಹಚ್ಚಿರಲಿಲ್ಲ, ಕೊಟ್ಟೆ. ಅವರ ಮನೆಯಲ್ಲಿ ಜಗಳ ಬೇಡವೆಂದು ಮುಚ್ಚಿಟ್ಟೆ.

ಹನಮಂತವ್ವ ಹಣೆ ಬಡಿದುಕೊಂಡಳು. ಅಮೃತವ್ವ ಅಳಲಿಲ್ಲ. ಗಂಡನನ್ನೇ ನೋಡುತ್ತ ಹೇಳಿದಳು:

“ಮಾಡಿದಾಕಿ ನಾನು. ತಂಬಿಗ್ಯಾಗ ಹಾಕಿಟ್ಟಾಕಿ ನಾನು. ಅದು ನಿಮ್ಮ ಗಂಟಲದಾಗ ಇಳೀಲಿಲ್ಲ. ಆಕಿ ಕೈಯಾಗಿಂದ ಇಳೀತು.”

ಕುಬೇರಪ್ಪನ ಬಾಯಿ ಅಲುಗಿತು. ಧ್ವನಿ ಬರಲಿಲ್ಲ.

“ಆ ಕಪ್ಪು ಮುಟ್ಟಾಂವ ಊರಾಗ ಒಬ್ಬನ,” ಎಂದ ಉಳವಪ್ಪ. “ಮುಟ್ಟತಾನಂತ ನೀವೆಲ್ಲಾ ಹೊಗಳಿದ್ರಿ. ಹೊಗಳೂ ಭರಾಟ್ಯಾಗ ಅವನ ಕೈ ಯಾರೂ ನೋಡಲಿಲ್ಲ. ಬಣ್ಣದ ಪೆಟ್ಟಿಗಿ ಯಾರ ಕಡೆ ಐತಿ ಅಂತ ಮೊದಲ ಕೇಳಿದಾಂವನೂ ಅವನ. ಆ ಪೆಟ್ಟಿಗಿ ಕಾಯಾಂವ ಯಾರು ಅಂತ ಅವಗ ಗೊತ್ತಿರಲಿಲ್ಲೇನು? ಇಷ್ಟು ವರ್ಷ ಅದ ಬಣ್ಣ ಹಚಗೊಂಡಾಂವ. ಹೇಮಪ್ಪ, ನೀನ ಹೇಳು.”

ಹೇಮಪ್ಪ ಅಲ್ಲಗಳೆಯಲಿಲ್ಲ. ಕೈ ಮೀಸೆಯ ಮೇಲಿಂದ ಕೆಳಗಿಳಿಯಿತು.

“ನಾಕು ದಿನಾ ಆಕಿ ಗಂಟಲಾ ಕಟ್ಟಲಿ ಅಂತ ಹಾಕಿದೆ. ಮತ್ತ ನನ್ನನ್ನ ಕರೀತೀರಿ ಅಂದಕೊಂಡೆ.”

“ಕುಬೇರಪ್ಪ ಕುಡಿಯೂ ಮುಂದ ನೀ ಎಲ್ಲಿದ್ದಿ?”

“ಪಡದೆ ಸಂದ್ಯಾಗ. ನೋಡಾಕತ್ತಿದ್ದೆ.”

“ನೋಡಿ? ಬ್ಯಾಡ ಅನ್ನಲಿಲ್ಲ?”

“ಅನ್ನಾಕ ಬಾಯಿ ತಗದೆ.” ಹೇಮಪ್ಪ ಕುಬೇರಪ್ಪನ ಕಡೆ ತಿರುಗಲಿಲ್ಲ, ಗೋಡೆಗೆ ಹೇಳುವವನಂತೆ ಹೇಳಿದ. “ಅಷ್ಟರಾಗ ಕಪ್ಪು ತಗೊಂಡು ಆಕಿ ಮಾರಿ ನೋಡಿ ನಕ್ಕ. ನಾ ಅವನ ಮುಂದ ಎಷ್ಟು ಸಲ ನಿಂತೇನಿ, ಎಷ್ಟು ಸಲ ಅವನ ಹಾಡಿಗೆ ತಲಿ ತಗ್ಗಿಸೇನಿ. ಒಂದಿನಾನೂ ಹಂಗ ನಗಲಿಲ್ಲ. ಪಡದೆ ಬಿದ್ದ ಕೂಡ್ಲೆ ‘ಏ ಹೇಮ್ಯಾ, ನೀರು ತಾ’ ಅಂತಿದ್ದ. ನನ್ನ ಬಾಯಿ ತಾನ ಮುಚ್ಚಿತು.”

ಪೊಲೀಸರಿಗೆ ಕೊಡುವುದು ಬೇಡವೆಂದು ಕುಬೇರಪ್ಪನೇ ಕೈಸನ್ನೆ ಮಾಡಿದ. ವಾರದೊಳಗೆ ಹೇಮಪ್ಪ ಲಕ್ಷ್ಮೇಶ್ವರದ ತನ್ನ ಸೋದರಮಾವನ ಮನೆಗೆ ಹೊರಟುಹೋದ.

ಅವನು ಊರು ದಾಟುವ ಮೊದಲೇ ಊರಿಗೆ ಎಲ್ಲ ಗೊತ್ತಿತ್ತು. ಗಂಡಸಾಗಿ ಆ ಪರಿ ಸೀರೆ ಉಡುವವನನ್ನು ನಂಬಬಾರದೆಂದು ಮೊದಲೇ ಹೇಳಿರಲಿಲ್ಲವೇ ಎನ್ನುವವರೇ ಎಲ್ಲರೂ. ತಿರಕಪ್ಪನದು ಮಗುವಿನಂಥ ಮನಸ್ಸು, ಕಣ್ಣು ಮಾತ್ರ ಕೆಂಪು ಎಂದೂ ಅವರೇ ಹೇಳತೊಡಗಿದರು. ಗೊತ್ತಿದ್ದರೆ ಬಾವಿಯ ಕಟ್ಟೆಯಲ್ಲಿ ದುರಗವ್ವನ ಜೊತೆ ಯಾಕೆ ನಿಲ್ಲಲಿಲ್ಲ ಎಂದು ಉಳವಪ್ಪ ಒಬ್ಬಿಬ್ಬರನ್ನು ಕೇಳಿದ. ಅವರಿಗೆ ಏನೋ ಕೆಲಸ ನೆನಪಾಯಿತು.

ನವೆಂಬರ್ ಒಂದರಂದು ನಾಟಕ ನಡೆಯಿತು, ಹಾಡಿಲ್ಲದೆ. ಕುಬೇರಪ್ಪನಿಗೆ ಒಡಕು ಧ್ವನಿ ಬಂದಿತ್ತು, ಮಾತಿನಲ್ಲೇ ಸಾಗಿಸಿದ. ರಾಜಕುಮಾರನಾಗು ಎಂದು ಎಲ್ಲರೂ ಒತ್ತಾಯಿಸಿದರೂ ತಿರಕಪ್ಪ ಒಪ್ಪದೆ ಖಳನಾಗಿಯೇ ಬಣ್ಣ ಹಚ್ಚಿದ. ಅಮೃತವ್ವ ನೋಡಲು ಬರಲಿಲ್ಲ.

ಆಮೇಲೊಂದು ದಿನ ಮಾಗಡಿಯ ಬೀಗರು ಹಣ್ಣು, ಸೀರೆ ಹಿಡಿದುಕೊಂಡು ಬಂದರು. ತಿರಕಪ್ಪ ನನ್ನನ್ನೂ ಉಳವಪ್ಪನನ್ನೂ ಕರೆಸಿದ್ದ. ನಿಮ್ಮಂಥವರ ಮೇಲೆ ನಮಗೆಂದೂ ಸಂಶಯವಿರಲಿಲ್ಲ, ಮಂದಿಯ ಮಾತಿಗೆ ನಾಲ್ಕು ದಿನ ತಡೆದೆವು ಎಂದರು ಅವರು. ತಿರಕಪ್ಪ ಎಂದಿನಂತೆ ಕೂಗಾಡಲಿಲ್ಲ. ಮಗಳನ್ನು ಕರೆದು, ಹೇಳವ್ವಾ ಎಂದ.

ತಿಪ್ಪವ್ವ ಬಾಗಿಲ ಚೌಕಟ್ಟು ಹಿಡಿದು ನಿಂತಳು.

“ಇವರ ಮನ್ಯಾಗ ನಾಳೆ ಒಂದು ಬಟ್ಟಲಾ ಕಳದ್ರ, ಅಪ್ಪಾ, ಮೊದಲ ನನ್ನ ಗಂಟು ಬಿಚ್ಚಿ ನೋಡತಾರ. ನಾ ಒಲ್ಲೆ.”

ದುರಗವ್ವ ಬಂದವರಿಗೆ ಹೊಟ್ಟೆ ತುಂಬ ಊಟ ಹಾಕಿದಳು. ಸೀರೆಯನ್ನು ಮಡಿಕೆ ಬಿಚ್ಚದೆ ಅವರ ಚಕ್ಕಡಿಯಲ್ಲೇ ಇಟ್ಟು ಬಂದಳು.